ಶಬ್ದಕ್ಕೆ ಸಾವಿಲ್ಲವಂತೆ... ಹೌದಾ?

ಈ ಸಿದ್ಧಾಂತವನ್ನು ನೀವೂ ಒಮ್ಮೆಯಾದರೂ ಕೇಳಿರುತ್ತೀರಿ. ಒಮ್ಮೆ ಹುಟ್ಟಿದ ಶಬ್ದ ಸಾಯುವುದಿಲ್ಲ, ಗಾಳಿಯಲ್ಲಿ ತೇಲಿಕೊಂಡೇ ಇರುತ್ತದೆ. ಕುರುಕ್ಷೇತ್ರದಲ್ಲಿ ಕೃಷ್ಣ ಹೇಳಿದ ಗೀತೆ ಈಗಲೂ ನಮ್ಮ ತಲೆಯ ಮೇಲೆ ಎಲ್ಲೋ ಉಂಟು. ಸರಿಯಾದ ಯಂತ್ರವೊಂದಿದ್ದರೆ ರೇಡಿಯೋ ಟ್ಯೂನ್ ಮಾಡಿದ ಹಾಗೆ ಅದನ್ನು ಹಿಡಿದು ಕೇಳಬಹುದು. ಅಂಥ ಯಂತ್ರವನ್ನು ವಿದೇಶದಲ್ಲಿ ವಿಜ್ಞಾನಿಗಳು ಈಗಾಗಲೇ ತಯಾರಿಸುತ್ತಿದ್ದಾರೆ. (ಯಾವ ದೇಶ ಅನ್ನುವುದು ಹೇಳುವವರ ವಯಸ್ಸಿನ ಮೇಲೆ ಹೋಗುತ್ತದೆ. ಹಿರಿಯರಾದರೆ ಜರ್ಮನಿ ಅಥವಾ ರಷ್ಯಾ, ನನ್ನ ಓರಗೆಯವರಾದರೆ ನಾಸಾ :-))

ಭಜನೆ ಮುಗಿದ ಮೇಲಿನ ಉಪನ್ಯಾಸದಲ್ಲಿ ಕೇಳಿದ್ದೇನೆ, ಮದುವೆ ಊಟದ ಪಂಕ್ತಿಯಲ್ಲಿ ಕೇಳಿದ್ದೇನೆ, ವಾಟ್ಸಾಪಿನಲ್ಲಿ ಓದಿದ್ದೇನೆ, ಕಡೆಗೆ ಆಫೀಸಿನ ಕ್ಯಾಂಟೀನಿನಲ್ಲಿ ಬಿಇ ಮಾಡಿದವರ ಬಾಯಲ್ಲೂ ಕೇಳಿದ್ದೇನೆ. ಎಲ್ಲರ ಕೊನೆಯ ಬಾಣ ಒಂದೇ. "ಶಕ್ತಿಯನ್ನು ನಾಶ ಮಾಡಲಿಕ್ಕೆ ಆಗುವುದಿಲ್ಲ ಅಂತ ನಿಮ್ಮ ಸೈನ್ಸೇ ಹೇಳುತ್ತದಲ್ಲ?"

ಹೇಳುತ್ತದೆ, ನಿಜ. ಹಾಗಿದ್ದರೆ ಅದೇ ಸೈನ್ಸಿನ ಲೆಕ್ಕವನ್ನು ಕೊನೆಯವರೆಗೂ ಮಾಡಿಬಿಡೋಣ ಅಲ್ವಾ? ಒಂದು ಕತೆಯಾಗಿ ಈ ಸಿದ್ಧಾಂತ ನನಗೂ ಇಷ್ಟವೇ. ಆದರೆ ಇದನ್ನು ನಿಜ ಅಂತ ನಂಬಿ ಕೂತದ್ದರಿಂದ ನಮ್ಮ ಊರಿನಲ್ಲಿ ಒಂದು ನಷ್ಟ ಆಗುತ್ತಾ ಉಂಟು. ಅದನ್ನು ಹೇಳಲಿಕ್ಕೇ ಈ ಬರಹ.

ನಾವು ಸಾಮಾನ್ಯವಾಗಿ ಮಾತಾಡುವಾಗ ಬಾಯಿಂದ ಹೊರಡುವ ಶಬ್ದದ ಶಕ್ತಿ ಎಷ್ಟು ಗೊತ್ತಾ? ಸುಮಾರು ಒಂದು ವ್ಯಾಟಿನ ಲಕ್ಷದಲ್ಲಿ ಒಂದು ಪಾಲು. ಅಂದರೆ ಒಂದು ಲಕ್ಷ ಜನ ಒಟ್ಟಿಗೆ ಮಾತಾಡಿದರೆ ಒಂದು ವ್ಯಾಟ್. ಗೀತೆಯ 700 ಶ್ಲೋಕಗಳನ್ನು ಹೇಳಲಿಕ್ಕೆ ಮೂರು ಗಂಟೆ ಹಿಡಿಯಿತು ಅಂತಿಟ್ಟುಕೊಳ್ಳಿ. ಒಟ್ಟು ಶಕ್ತಿ ಸುಮಾರು 0.1 ಜೌಲ್. ಒಂದು ಸಣ್ಣ ಲೋಟ ಚಹಾವನ್ನು ಬರೀ ಒಂದು ಡಿಗ್ರಿ ಬಿಸಿ ಮಾಡಬೇಕಾದರೆ 400 ಜೌಲಿಗಿಂತ ಸ್ವಲ್ಪ ಹೆಚ್ಚು ಬೇಕು. ಅಂದರೆ ಇಡೀ ಗೀತೆಯನ್ನು ಸುಮಾರು 4,000 ಸಲ, ಹಗಲು ರಾತ್ರಿ ಬಿಡದೆ 500 ದಿನ ಹೇಳಿ, ಒಂದಿಷ್ಟೂ ಹೊರಗೆ ಹೋಗದಂತೆ ಎಲ್ಲ ಶಬ್ದವನ್ನೂ ಲೋಟದೊಳಗೆ ತುಂಬಿದರೆ, ಚಹಾ ಒಂದು ಡಿಗ್ರಿ ಬಿಸಿಯಾದೀತು. ಆ ಶಕ್ತಿ ನಾಶವಾಗಿಲ್ಲ, ಒಪ್ಪಿದೆ. ಕುರುಕ್ಷೇತ್ರದ ಗಾಳಿ, ಮಣ್ಣು, ಆನೆಯ ಬೆನ್ನು, ಅರ್ಜುನನ ಕಿವಿ, ಎಲ್ಲವೂ ಕೂದಲೆಳೆಯ ಸಾವಿರದಲ್ಲೊಂದು ಪಾಲು ಬೆಚ್ಚಗಾಗಿವೆ. ಆಮೇಲೆ ಅದೂ ತಣಿದಿದೆ.

ಈಗ ದೂರದ ಲೆಕ್ಕ. ಮಾತಿನ ಸದ್ದು ಒಂದು ಮೀಟರ್ ದೂರದಲ್ಲಿ ಸುಮಾರು 60 ಡೆಸಿಬೆಲ್. ದೂರ ಇಮ್ಮಡಿಯಾದಾಗಲೆಲ್ಲ 6 ಡೆಸಿಬೆಲ್ ಇಳಿಯುತ್ತದೆ. ಹತ್ತು ಸಲ ಇಮ್ಮಡಿ ಮಾಡಿ, ಸುಮಾರು ಒಂದು ಕಿಲೋಮೀಟರಿಗೆ ಬಂದಿರಿ. ಅಲ್ಲಿಗೆ 60 ಹೋಗಿ ಸೊನ್ನೆ. ಆರೋಗ್ಯವಂತ ಕಿವಿ ಕೇಳಬಲ್ಲ ಅತಿ ಸಣ್ಣ ಸದ್ದಿನ ಮಟ್ಟ ಅದು. ಆ ಮಟ್ಟದಲ್ಲಿ ಗಾಳಿ ಕದಲುವುದು ಒಂದು ಪರಮಾಣುವಿನ ಗಾತ್ರಕ್ಕಿಂತಲೂ ಕಡಿಮೆ. ಇದು ಬರೀ ಹರಡುವಿಕೆಯ ಲೆಕ್ಕ. ಇದರ ಮೇಲೆ ಗಾಳಿ ತಾನೇ ಒಂದಷ್ಟು ನುಂಗುತ್ತದೆ. ಸಾವಿರ ಹರ್ಟ್ಸಿನ ಸದ್ದಾದರೆ ಕಿಲೋಮೀಟರಿಗೆ ಸುಮಾರು 5 ಡೆಸಿಬೆಲ್. ಕುರುಕ್ಷೇತ್ರದಿಂದ ಮಂಗಳೂರಿಗೆ ಹತ್ತಿರ ಹತ್ತಿರ 1,900 ಕಿಲೋಮೀಟರ್. ಬರುವ ದಾರಿಯಲ್ಲಿ ಗಾಳಿ ನುಂಗಿದ್ದೇ 9,500 ಡೆಸಿಬೆಲ್. ಅಂದರೆ ಹೊರಟ ಶಕ್ತಿಯನ್ನು 1ರ ಮುಂದೆ 950 ಸೊನ್ನೆ ಇರುವ ಸಂಖ್ಯೆಯಿಂದ ಭಾಗಿಸಬೇಕು. ನಮಗೆ ಕಾಣುವ ವಿಶ್ವದಲ್ಲಿರುವ ಪರಮಾಣುಗಳನ್ನೆಲ್ಲ ಎಣಿಸಿದರೂ 1ರ ಮುಂದೆ 80 ಸೊನ್ನೆ ಅಂತ ಅಂದಾಜು. ಇನ್ನು ಮೈಕ್ ಎಷ್ಟು ಒಳ್ಳೆಯದಾದರೆ ಏನು ಮಾರಾಯ್ರೆ, ಹಿಡಿಯಲಿಕ್ಕೆ ಅಲ್ಲಿ ಏನೂ ಇಲ್ಲ.

ಕೃಷ್ಣನ ಮಾತು ಮೆಲುವಾಗಿತ್ತು, ದೊಡ್ಡ ಸದ್ದಾದರೆ ಉಳಿದೀತು ಅನ್ನುವವರಿಗೆ ಕ್ರಕಟೋವಾ ಉಂಟು. 1883ರ ಆಗಸ್ಟ್ 27ರಂದು ಆ ಜ್ವಾಲಾಮುಖಿ ಸಿಡಿದ ಸದ್ದು 4,800 ಕಿಲೋಮೀಟರ್ ದೂರದ ರಾಡ್ರಿಗಸ್ ದ್ವೀಪದಲ್ಲಿ ಫಿರಂಗಿ ಹಾರಿಸಿದ ಹಾಗೆ ಕೇಳಿಸಿತು. ಅದರ ಒತ್ತಡದ ಅಲೆ ಭೂಮಿಗೆ ಮೂರು ನಾಲ್ಕು ಸುತ್ತು ಹಾಕಿದ್ದು ಬೇರೆ ಬೇರೆ ಊರುಗಳ ವಾಯುಭಾರ ಮಾಪಕಗಳಲ್ಲಿ ದಾಖಲಾಗಿದೆ. ಎಷ್ಟು ದಿನ? ಸುಮಾರು ಐದು. ಮನುಷ್ಯರು ದಾಖಲಿಸಿಕೊಂಡ ಅತಿ ದೊಡ್ಡ ಸದ್ದುಗಳಲ್ಲಿ ಒಂದಕ್ಕೆ ಸಿಕ್ಕಿದ ಆಯುಷ್ಯ ಐದು ದಿನ! ಸದ್ದನ್ನು ಉಳಿಸಲಿಕ್ಕೆಂದೇ ಕಟ್ಟಿದ ಹಾಗಿರುವ ವಿಜಯಪುರದ ಗೋಲಗುಮ್ಮಟಕ್ಕೆ ಹೋಗಿ ಚಪ್ಪಾಳೆ ತಟ್ಟಿ ನೋಡಿ. ಏಳು ಸಲ, ಎಂಟು ಸಲ ಅಂತ ಎಣಿಸುತ್ತೀರಿ. ಆಮೇಲೆ ಅದೂ ಸುಸ್ತು. 1656ರಲ್ಲಿ ಮಲಗಿದ ಮಹಮ್ಮದ್ ಆದಿಲ್ ಶಾಹನಿಗೆ ನಿನ್ನೆ ಬಂದ ಟೂರಿಸ್ಟರ ಕೂಗು ಇವತ್ತು ಕೇಳಿಸುವುದಿಲ್ಲ. ಪುಣ್ಯವಂತ.

ಅಂದ ಹಾಗೆ, ಶಬ್ದವೂ ಕಾಲವೂ ಸೇರಿ ಆಡುವ ನಿಜವಾದ ಆಟ ಕರಾವಳಿಯವರಿಗೆ ಗೊತ್ತಿಲ್ಲದ್ದೇನಲ್ಲ. ರಾತ್ರಿ ಅಂಗಳದಲ್ಲಿ ನಿಂತರೆ ಎಲ್ಲೋ ದೂರದ ಬಯಲಾಟದ ಚಂಡೆ ಕೇಳುತ್ತದೆ. ಹಗಲಲ್ಲಿ ಅಷ್ಟು ದೂರ ಕೇಳುವುದಿಲ್ಲ. ರಾತ್ರಿ ಗದ್ದಲ ಕಡಿಮೆ ಅನ್ನುವುದು ಒಂದು ಕಾರಣ. ಇನ್ನೊಂದು ಏನೆಂದರೆ, ರಾತ್ರಿ ನೆಲ ಬೇಗ ತಣಿಯುತ್ತದೆ, ನೆಲದ ಹತ್ತಿರದ ಗಾಳಿ ತಣ್ಣಗೆ, ಮೇಲಿನದ್ದು ಬೆಚ್ಚಗೆ. ಬೆಚ್ಚಗಿನ ಗಾಳಿಯಲ್ಲಿ ಸದ್ದಿನ ಓಟ ಜಾಸ್ತಿ, ಹಾಗಾಗಿ ಮೇಲೆ ಹೊರಟ ಸದ್ದು ಬಾಗಿ ಮತ್ತೆ ನೆಲಕ್ಕೆ ಬರುತ್ತದೆ. ಮೂರೂವರೆ ಕಿಲೋಮೀಟರ್ ಆಚೆ ಆಟ ಆಗುತ್ತಿದ್ದರೆ ನಿಮಗೆ ಈಗ ಕೇಳಿಸಿದ ಪೆಟ್ಟು ಹತ್ತು ಸೆಕೆಂಡು ಹಳೆಯದು. ನೀವು ಅದನ್ನು ಕೇಳುವ ಹೊತ್ತಿಗೆ ಅಲ್ಲಿ ಮಹಿಷಾಸುರ ಬೇರೆ ಹೆಜ್ಜೆಯಲ್ಲಿದ್ದಾನೆ. ಕೇಳಿಸುವುದೆಲ್ಲ ಕಳೆದುಹೋದದ್ದೇ. ಹತ್ತು ಸೆಕೆಂಡಿನ ಹಳೆಯದನ್ನು ಕೇಳಬಹುದು, ಐದು ಸಾವಿರ ವರ್ಷದ್ದು ಯಾಕಾಗಬಾರದು ಅಂತ ಮನಸ್ಸಿಗೆ ಅನಿಸಿದರೆ ತಪ್ಪಲ್ಲ. ಮನಸ್ಸಿಗೆ ಡೆಸಿಬೆಲ್ ಗೊತ್ತಿಲ್ಲ, ಅಷ್ಟೆ.

ಈ ಆಸೆ ಪಟ್ಟವರು ನಾವು ಮಾತ್ರವೂ ಅಲ್ಲ. ಕಂಪ್ಯೂಟರಿನ ಪಿತಾಮಹ ಅಂತ ನಾವು ಪರೀಕ್ಷೆಯಲ್ಲಿ ಬರೆದು ಮಾರ್ಕು ತೆಗೆದುಕೊಂಡ ಚಾರ್ಲ್ಸ್ ಬ್ಯಾಬೇಜ್ 1837ರಲ್ಲಿ ಪ್ರಕಟಿಸಿದ ಪುಸ್ತಕವೊಂದರಲ್ಲಿ ಇದೇ ವಾದ ಮಾಡಿದ್ದಾನೆ. ಗಾಳಿಯೇ ಒಂದು ದೊಡ್ಡ ಗ್ರಂಥಾಲಯ, ಮನುಷ್ಯ ಆಡಿದ ಪ್ರತಿಯೊಂದು ಮಾತೂ ಅದರ ಕಣಗಳ ಚಲನೆಯಲ್ಲಿ ಶಾಶ್ವತವಾಗಿ ಬರೆದಿದೆ ಅನ್ನುವುದು ಅವನ ನಂಬಿಕೆ. ಪ್ರತಿ ಕಣದ ಚಲನೆಯನ್ನೂ ಬಲ್ಲ ಒಂದು ಮಹಾಬುದ್ಧಿ ಇದ್ದರೆ ಹಿಂದಕ್ಕೆ ಲೆಕ್ಕ ಹಾಕಿ ಎಲ್ಲವನ್ನೂ ಓದಬಹುದಂತೆ. ಕಾಗದದ ಮೇಲೆ ಈ ವಾದ ಗಟ್ಟಿಯೇ. ಆದರೆ ಚಹಾದಲ್ಲಿ ಕರಗಿದ ಸಕ್ಕರೆಯ ಪ್ರತಿ ಕಣವನ್ನೂ ಹುಡುಕಿ ಮತ್ತೆ ಮೊದಲಿನ ಹರಳನ್ನು ಕಟ್ಟುತ್ತೇನೆ ಅಂದ ಹಾಗಾಯಿತು. ತಮಾಷೆ ಏನೆಂದರೆ, ಇದೇ ಬ್ಯಾಬೇಜ್ ಮುಪ್ಪಿನಲ್ಲಿ ತನ್ನ ಮನೆ ಎದುರು ಬಾಜಾ ಬಾರಿಸುವ ಬೀದಿ ಸಂಗೀತಗಾರರ ಮೇಲೆ ವರ್ಷಗಟ್ಟಲೆ ಹೋರಾಡಿದ. 1864ರಲ್ಲಿ ಲಂಡನ್ನಿನಲ್ಲಿ ಅವರ ವಿರುದ್ಧ ಕಾನೂನೇ ಬಂತು. ಶಬ್ದಕ್ಕೆ ಸಾವಿಲ್ಲ ಅಂತ ನಿಜವಾಗಿ ನಂಬಿದವನಿಗೆ ಆ ಬಾಜಾ ಎಷ್ಟು ಹೆದರಿಕೆ ಹುಟ್ಟಿಸಿರಬೇಡ!

ರೇಡಿಯೋದ ಮಾರ್ಕೋನಿ ಕೂಡ ಕೊನೆಗಾಲದಲ್ಲಿ ಯೇಸು ಬೆಟ್ಟದ ಮೇಲೆ ಮಾಡಿದ ಉಪದೇಶವನ್ನು ಹಿಡಿಯುವ ಕನಸು ಕಂಡಿದ್ದ ಅಂತ ಒಂದು ಕತೆ ಓಡಾಡುತ್ತದೆ. ಅಲ್ಲಿ ಬೆಟ್ಟದ ಉಪದೇಶ, ಇಲ್ಲಿ ಗೀತೆ. ಸಿದ್ಧಾಂತ ಅದೇ, ಸ್ಟೇಷನ್ ಮಾತ್ರ ಬೇರೆ.

"ಇದೆಲ್ಲ ಪಾಶ್ಚಾತ್ಯರ ವಿಷಯ ಆಯಿತು, ಶಬ್ದ ನಿತ್ಯ ಅಂತ ನಮ್ಮ ಶಾಸ್ತ್ರದಲ್ಲೇ ಉಂಟಲ್ಲ" ಅನ್ನುವವರಿಗೆ ಒಂದು ಮಾತು. ಉಂಟು, ಆದರೆ ಪೂರ್ತಿ ಓದಬೇಕು. ಶಬ್ದ ನಿತ್ಯವೋ ಅನಿತ್ಯವೋ ಅನ್ನುವುದು ಮೀಮಾಂಸಕರಿಗೂ ನೈಯಾಯಿಕರಿಗೂ ನಡೆದ ಬಹಳ ದೊಡ್ಡ ಜಗಳ. ನೈಯಾಯಿಕರು ಅನಿತ್ಯ ಅಂದರು. ಶಬ್ದ ಹುಟ್ಟುತ್ತದೆ, ಹುಟ್ಟಿದ್ದೆಲ್ಲ ಗಡಿಗೆಯ ಹಾಗೆ ಒಡೆಯುತ್ತದೆ. ಅದು ಹರಡುವ ಬಗೆಗೆ ಅವರು ಕೊಟ್ಟ ಹೋಲಿಕೆಗಳು ಎರಡು. ನೀರಿನಲ್ಲಿ ಅಲೆಯಿಂದ ಅಲೆ ಹುಟ್ಟುವ ವೀಚೀತರಂಗ, ಮತ್ತೊಂದು ಎಲ್ಲ ದಿಕ್ಕಿಗೂ ಒಟ್ಟಿಗೆ ಅರಳುವ ಕದಂಬದ ಮೊಗ್ಗು. ಮೈಕ್ರೋಫೋನ್ ನೋಡದ ಜನ, ಬರೀ ಕೇಳಿ ಕೇಳಿ ಯೋಚಿಸಿ ಹೇಳಿದ್ದು! ಹೆಮ್ಮೆ ಪಡಬೇಕಾದರೆ ಇದರ ಬಗ್ಗೆ ಪಡಬಹುದಲ್ಲ?

ಇನ್ನು ನಿತ್ಯ ಅಂದ ಮೀಮಾಂಸಕರು ಹೇಳಿದ್ದೇನು? ಅವರೂ ಕಿವಿಗೆ ಬಿದ್ದ ಸದ್ದು ಆಕಾಶದಲ್ಲಿ ತೇಲುತ್ತಾ ಇರುತ್ತದೆ ಅನ್ನಲಿಲ್ಲ. "ದನ" ಅನ್ನುವ ಪದವನ್ನು ನೀವು ಹತ್ತು ಸಲ ಹೇಳಿದರೆ ಹತ್ತು ಪದ ಅನ್ನುತ್ತೇವಾ, ಒಂದೇ ಪದವನ್ನು ಹತ್ತು ಸಲ ಅನ್ನುತ್ತೇವಾ? ಒಂದೇ ಪದ. ಆ ಒಂದು ಪದ ನಿತ್ಯ. ಅದನ್ನು ಪ್ರಕಟಮಾಡುವ ಧ್ವನಿ ಬರುತ್ತದೆ, ಹೋಗುತ್ತದೆ. ನಮ್ಮ ಕಸುಬಿನ ಭಾಷೆಯಲ್ಲಿ ಹೇಳುವುದಾದರೆ ಫೈಲ್ ಬೇರೆ, ಅದನ್ನು ಪ್ಲೇ ಮಾಡುವುದು ಬೇರೆ. ಹಾಗಾಗಿ ಆಕಾಶದಲ್ಲಿ ಗೀತೆ ತೇಲುತ್ತಿದೆ ಅನ್ನುವವರ ಪಕ್ಷಕ್ಕೆ ಇವರಿಬ್ಬರೂ ಸಾಕ್ಷಿಗೆ ಬರುವುದಿಲ್ಲ.

ಒಂದು ನಿಮಿಷ, ಈ ಸಿದ್ಧಾಂತ ನಿಜವಾಗಿರುವ ಒಂದು ವಿಶ್ವವನ್ನೇ ಕಟ್ಟಿ ನೋಡೋಣ. ಎಂಜಿನಿಯರಿಂಗ್ ಓದಿದ ಮೇಲೆ ಇಂಥ ಚಟ ಬರುತ್ತದೆ. ಅಲ್ಲಿಯ ಗಾಳಿ ಏನನ್ನೂ ನುಂಗುವುದಿಲ್ಲ, ಸದ್ದು ಹರಡಿ ತೆಳುವಾಗುವುದೂ ಇಲ್ಲ. ಮೊದಲನೆಯದಾಗಿ, ಅಲ್ಲಿ ಯಾರಿಗೂ ಏನೂ ಕೇಳಿಸುವುದಿಲ್ಲ. ಕಿವಿಯ ತಮಟೆ ಅಲುಗಬೇಕಾದರೆ ಸದ್ದು ತನ್ನ ಶಕ್ತಿಯಲ್ಲಿ ಒಂದಿಷ್ಟನ್ನು ಕಿವಿಗೆ ಕೊಟ್ಟು ಹೋಗಬೇಕು. ಕೊಟ್ಟರೆ ಆ ಪಾಲು ಸತ್ತ ಹಾಗೆ. ಸರಿ, ಹೇಗೋ ಕೇಳಿಸಿತು ಅಂತಲೇ ಇಟ್ಟುಕೊಳ್ಳಿ. ಗೀತೆಯ ಜೊತೆ ಹದಿನೆಂಟು ಅಕ್ಷೋಹಿಣಿಯ ಆನೆ ಕುದುರೆಗಳ ಸದ್ದೂ ಕೇಳಬೇಕು. ಅದರ ಮೇಲೆ ಅಲ್ಲಿಂದ ಇಲ್ಲಿಯವರೆಗಿನ ಎಲ್ಲ ಮಳೆ, ಎಲ್ಲ ಗುಡುಗು, ಎಲ್ಲ ಮದುವೆಯ ವಾಲಗ, ಸ್ಟೇಟ್ ಬ್ಯಾಂಕಿನಿಂದ ಹೊರಟ ಪ್ರತಿ ಸಿಟಿ ಬಸ್ಸಿನ ಹಾರ್ನು, ಪ್ರತಿ ಕಂಡಕ್ಟರನ "ರೈಟ್ ಪೋಯಿ"... ಶಬ್ದ ಭೂಮಿಗೆ ಒಂದು ಸುತ್ತು ಬರಲಿಕ್ಕೆ ಸುಮಾರು 33 ಗಂಟೆ. ಮೊನ್ನೆಯ "ರೈಟ್ ಪೋಯಿ" ಇವತ್ತು ಮತ್ತೆ ಬರುತ್ತದೆ, ನಾಡಿದ್ದು ಮತ್ತೆ.

ಅಂಥ ವಿಶ್ವದಲ್ಲಿ ತಾಳವೇ ಇರಲಿಕ್ಕಿಲ್ಲ. ಒಂದು ಪೆಟ್ಟು ಸತ್ತರೆ ಮಾತ್ರ ಮುಂದಿನ ಪೆಟ್ಟಿಗೆ ಜಾಗ. ಚಂಡೆಯ ಪೆಟ್ಟು ಹಾಗೇ ಉಳಿದುಬಿಟ್ಟರೆ ಏಕತಾಳಕ್ಕೂ ಝಂಪೆಗೂ ಏನು ವ್ಯತ್ಯಾಸ? ಮಾತೂ ಇರಲಿಕ್ಕಿಲ್ಲ, "ಕ" ಹೋಗದೆ "ನ್ನ" ಬರುವುದು ಹೇಗೆ? (ಶಬ್ದ ವಿಜ್ಞಾನದಲ್ಲಿ ನಮ್ಮವರ ನಿಜವಾದ ಸಾಧನೆ ಬೇಕಾದರೆ ಸಿ.ವಿ. ರಾಮನ್ ಇದ್ದಾರೆ. ಬೆಳಕಿನ ಕೆಲಸಕ್ಕೆ ನೊಬೆಲ್ ಬರುವ ಹತ್ತು ವರ್ಷ ಮೊದಲೇ, 1920ರಲ್ಲಿ, ಮೃದಂಗ ತಬಲಾಗಳ ಕಪ್ಪು ಲೇಪ ಹೇಗೆ ಚರ್ಮದ ಗದ್ದಲವನ್ನು ಶ್ರುತಿಗೆ ತರುತ್ತದೆ ಅಂತ ಬರೆದರು. ಬೆಂಗಳೂರಿಗೆ ಬಂದ ಮೇಲೆ 1934ರಲ್ಲಿ ಅದನ್ನೇ ಇನ್ನೂ ವಿಸ್ತಾರವಾಗಿ ಬರೆದರು. ಇದನ್ನು ಯಾರೂ ವಾಟ್ಸಾಪಿನಲ್ಲಿ ಫಾರ್ವರ್ಡ್ ಮಾಡುವುದಿಲ್ಲ ನೋಡಿ.)

ಹಾಗಾದರೆ ಹೋದ ಸದ್ದನ್ನು ಯಾರೂ ಮರಳಿ ಹಿಡಿದೇ ಇಲ್ಲವಾ? ಹಿಡಿದಿದ್ದಾರೆ! ಪ್ಯಾರಿಸಿನ ಎದುವಾರ್-ಲೆಯೋಂ ಸ್ಕಾಟ್ ಅನ್ನುವವ 1860ರ ಏಪ್ರಿಲ್‌ನಲ್ಲಿ, ಅಂದರೆ ಎಡಿಸನ್ನನ ಫೋನೋಗ್ರಾಫಿಗಿಂತ 17 ವರ್ಷ ಮೊದಲು, ಒಂದು ಹಳೆಯ ಫ್ರೆಂಚ್ ಹಾಡಿನ ತುಣುಕು ಹಾಡಿದ. ಎದುರಿಗೆ ದೀಪದ ಮಸಿ ಹಿಡಿಸಿದ ಕಾಗದ, ಅದರ ಮೇಲೆ ಸದ್ದಿಗೆ ಅಲುಗುವ ಒಂದು ಕಡ್ಡಿ. ಕಾಗದದಲ್ಲಿ ಅಂಕುಡೊಂಕಿನ ಗೆರೆ ಮೂಡಿತು. ಅದನ್ನು ಮತ್ತೆ ನುಡಿಸುವ ಯೋಚನೆಯೇ ಅವನಿಗೆ ಇರಲಿಲ್ಲ, ಗೆರೆಯನ್ನು ಕಣ್ಣಿಂದ ಓದಿದರೆ ಸಾಕಿತ್ತು. 2008ರಲ್ಲಿ ಅಮೆರಿಕದ ಸಂಶೋಧಕರು ಆ ಗೆರೆಯನ್ನು ಸ್ಕ್ಯಾನ್ ಮಾಡಿ ಕಂಪ್ಯೂಟರಿನಲ್ಲಿ ಸದ್ದು ಮಾಡಿದರು. 148 ವರ್ಷಗಳ ನಂತರ ಹಾಡು ಕೇಳಿತು. ಮೊದಲು ಯಾರೋ ಹುಡುಗಿ ಹಾಡಿದ್ದು ಅಂದುಕೊಂಡಿದ್ದರು. ಆಮೇಲೆ ಗೊತ್ತಾಯಿತು, ಎರಡು ಪಟ್ಟು ವೇಗದಲ್ಲಿ ಓಡಿಸಿದ್ದರು. ಸರಿಯಾದ ವೇಗದಲ್ಲಿ ಅದು ಗಂಡಸಿನ ದನಿ, ಬಹುಶಃ ಸ್ಕಾಟನದ್ದೇ.

ಇದಕ್ಕಿಂತ ಹಳೆಯದೂ ಉಂಟು. ವಿಶ್ವ ಹುಟ್ಟಿದ ಮೊದಲ 3,80,000 ವರ್ಷ ಎಲ್ಲ ಕಡೆ ಬಿಸಿ ಗಂಜಿಯಂಥ ದ್ರವ್ಯ ತುಂಬಿತ್ತು, ಅದರೊಳಗೆ ಒತ್ತಡದ ಅಲೆಗಳು, ಅಂದರೆ ಶಬ್ದವೇ, ಓಡಾಡುತ್ತಿದ್ದವು. ತಣಿದು ಬೆಳಕು ಬಿಡಿಸಿಕೊಂಡ ಕ್ಷಣ ಆ ಅಲೆಗಳು ಹಾಲು ಹೆಪ್ಪಾದ ಹಾಗೆ ನಿಂತಲ್ಲೇ ನಿಂತವು. ಅವುಗಳ ಗುರುತು ಇವತ್ತಿಗೂ ಗೆಲಾಕ್ಸಿಗಳು ಹರಡಿಕೊಂಡ ರೀತಿಯಲ್ಲಿ ಕಾಣುತ್ತದೆ, ಸುಮಾರು 50 ಕೋಟಿ ಜ್ಯೋತಿರ್ವರ್ಷಗಳ ಅಂತರವಾಗಿ. 2005ರಲ್ಲಿ ಅದನ್ನು ಗುರುತಿಸಿದರು. ಎರಡರಲ್ಲೂ ವಿಷಯ ಒಂದೇ. ಸದ್ದು ಸಾಯುವ ಮೊದಲು ಏನೋ ಒಂದರ ಮೇಲೆ ಗೀಚಿ ಹೋಗಿದೆ. ಮಸಿ ಕಾಗದವೋ, ಹೆಪ್ಪಾದ ವಿಶ್ವವೋ.

ಈಗ ನಮ್ಮ ಊರಿಗೆ ಬರುತ್ತೇನೆ.

ಕೃಷ್ಣ ಕೌರವನ ಸಭೆಯಲ್ಲಿ ಏನು ಮಾತಾಡಿದ ಅಂತ ಕೇಳಲು ದಕ್ಷಿಣ ಕನ್ನಡ, ಉಡುಪಿ, ಕಾಸರಗೋಡಿನವರಿಗೆ ಆಕಾಶಕ್ಕೆ ಕಿವಿ ಕೊಡಬೇಕಾಗಿಲ್ಲ. ಮಳೆಗಾಲದಲ್ಲಿ ಯಾವುದಾದರೂ ದೇವಸ್ಥಾನದ ಚಾವಡಿಯಲ್ಲಿ "ಕೃಷ್ಣ ಸಂಧಾನ" ತಾಳಮದ್ದಳೆ ಆಗುತ್ತದೆ. ಗೊತ್ತಿಲ್ಲದವರಿಗೆ: ವೇಷ ಇಲ್ಲ, ಕುಣಿತ ಇಲ್ಲ. ಭಾಗವತರು ಪದ್ಯ ಹಾಡುತ್ತಾರೆ, ಅರ್ಥಧಾರಿಗಳು ಕೂತಲ್ಲೇ ಪಾತ್ರವಾಗಿ ಮಾತಾಡುತ್ತಾರೆ. ಪದ್ಯ ಪುಸ್ತಕದಲ್ಲಿದೆ, ಮಾತು ಎಲ್ಲೂ ಇಲ್ಲ. ಆ ಹೊತ್ತಿಗೆ ಹುಟ್ಟಬೇಕು, ಎದುರಿನವನ ಮಾತಿಗೆ ತಕ್ಕ ಹಾಗೆ. ನಾಳೆ ಅದೇ ಪ್ರಸಂಗ, ಅದೇ ಜನ ಕೂತರೂ ಆ ಮಾತು ಬರುವುದಿಲ್ಲ. ಶೇಣಿ ಗೋಪಾಲಕೃಷ್ಣ ಭಟ್ಟರು (1918-2006), ದೇರಾಜೆ ಸೀತಾರಾಮಯ್ಯನವರು (1914-1984), ಇಂಥವರು ಕನ್ನಡದಲ್ಲಿ ಮಾಡಿದ ಯೋಚನೆಯ ದೊಡ್ಡ ಭಾಗ ಬರೀ ಗಾಳಿಗೆ ಹೋಗಿದೆ. ಅದು ತೇಲುತ್ತಾ ಇಲ್ಲ. ಟೇಪಿನಲ್ಲಿ ಸಿಕ್ಕಿದ್ದಷ್ಟು ಮಾತ್ರ ಉಂಟು. ಬಡಗಿನಲ್ಲಿ ಕಾಳಿಂಗ ನಾವಡರು 1990ರಲ್ಲಿ, ಇನ್ನೂ ಸಣ್ಣ ಪ್ರಾಯದಲ್ಲಿ, ಅಪಘಾತದಲ್ಲಿ ತೀರಿಕೊಂಡರು. ಅವರು ಹೋದ ಮೇಲೆ ಹುಟ್ಟಿದ ನನ್ನಂಥವರಿಗೂ ಅವರ ಪದ್ಯ ಬಾಯಿಪಾಠ ಉಂಟಾದರೆ ಅದಕ್ಕೆ ಕಾರಣ ಕ್ಯಾಸೆಟ್ಟು.

ನನ್ನ ಸೋದರಮಾವನ ಮನೆಯ ಅಟ್ಟದಲ್ಲಿ ಒಂದು ಬಿಸ್ಕತ್ತಿನ ಡಬ್ಬಿ ತುಂಬ ಅಂಥ ಕ್ಯಾಸೆಟ್ಟುಗಳಿದ್ದವು. ಎಂಬತ್ತು, ತೊಂಬತ್ತರ ದಶಕದಲ್ಲಿ ಮಾವ ಹೋದಲ್ಲೆಲ್ಲ ಟೇಪ್ ರೆಕಾರ್ಡರ್ ಹೊತ್ತುಕೊಂಡು ಹೋಗಿ ಮೈಕಿನ ಬುಡದಲ್ಲಿ ಇಟ್ಟು ಮಾಡಿದ್ದು. ಡಿಜಿಟಲ್ ಮಾಡುವ ಅಂದರೆ ಮಾವ ನಗುತ್ತಾರೆ. "ಎಂತಕ್ಕೆ ಮಾರಾಯ ನಿನಗೆ ಆ ಉಸಾಬರಿ? ಶಬ್ದ ನಾಶ ಆಗುವುದಿಲ್ಲ. ಮುಂದೆ ಯಂತ್ರ ಬರ್ತದೆ, ಆಗ ಎಲ್ಲ ಕೇಳಬಹುದು." ತಮಾಷೆಗೆ ಹೇಳಿದ್ದೇ ಇರಬಹುದು. ಆದರೆ ಡಬ್ಬಿ ಮಾತ್ರ ಇಪ್ಪತ್ತು ಮಳೆಗಾಲ ಅಟ್ಟದಲ್ಲೇ ಇತ್ತು. ನಮ್ಮ ಊರಿನ ಮಳೆಗಾಲ ಅಂದರೆ ಗೊತ್ತಲ್ಲ, ಚಪ್ಪಲಿಗೂ ಬೂಷ್ಟು ಬರುವ ಕಾಲ.

ಕಾಡಿ ಬೇಡಿ ಡಬ್ಬಿ ತಂದಿದ್ದೇನೆ. ಒಟ್ಟು 43. ಒಂಬತ್ತರಲ್ಲಿ ಟೇಪಿನ ಸುರುಳಿಗೆ ಬಿಳಿ ಬೂಷ್ಟು ಹಿಡಿದಿದೆ. ಕೆಲವದರಲ್ಲಿ ಟೇಪನ್ನು ಹೆಡ್ಡಿಗೆ ಒತ್ತುವ ಸಣ್ಣ ಮೆತ್ತೆ ಉದುರಿಹೋಗಿದೆ. ಅದನ್ನು ಬೇರೆ ಕ್ಯಾಸೆಟ್ಟಿನಿಂದ ಕಿತ್ತು ಅಂಟಿಸಬಹುದು. ನೀವೂ ಮಾಡುವವರಿದ್ದರೆ: ಒಂದು ಹಳೆಯ ಡೆಕ್ಕು, ಒಂದು ವೈರು, ಕಂಪ್ಯೂಟರಿನಲ್ಲಿ ಆಡಾಸಿಟಿ, ಇಷ್ಟೇ ಸಾಕು. ಪ್ಲೇ ಮಾಡುವ ಮೊದಲು ಒಮ್ಮೆ ಮುಂದಕ್ಕೆ, ಒಮ್ಮೆ ಹಿಂದಕ್ಕೆ ಪೂರ್ತಿ ಓಡಿಸಿ. ಬೂಷ್ಟು ಹಿಡಿದದ್ದನ್ನು ಮಾತ್ರ ಹಾಗೆ ಓಡಿಸಬೇಡಿ, ಡೆಕ್ಕಿಗೂ ಹತ್ತುತ್ತದೆ. ಎಂಪಿ3 ಆಮೇಲೆ ಮಾಡಿಕೊಳ್ಳಬಹುದು, ಮೊದಲು ವೇವ್ ಫೈಲ್ ಆಗಿಯೇ ಇಡಿ. 90 ನಿಮಿಷದ ಕ್ಯಾಸೆಟ್ಟಿಗೆ 90 ನಿಮಿಷವೇ ಬೇಕು, ಇಲ್ಲಿ ಫಾಸ್ಟ್ ಅಂತ ಏನೂ ಇಲ್ಲ.

ಹೆಡ್‌ಫೋನಿನಲ್ಲಿ ಕೇಳುವಾಗ ಒಂದು ವಿಚಿತ್ರ ಗಮನಕ್ಕೆ ಬಂತು. ಕೆಲವು ಕಡೆ ಮೌನದ ನಂತರ ಮಾತು ಶುರುವಾಗುವ ಒಂದೆರಡು ಸೆಕೆಂಡು ಮೊದಲೇ ಅದೇ ಮಾತು ಬಹಳ ಸಣ್ಣಗೆ, ಪಿಸುಗುಟ್ಟಿದ ಹಾಗೆ ಕೇಳುತ್ತದೆ. ವರ್ಷಗಟ್ಟಲೆ ಸುತ್ತಿಟ್ಟ ಟೇಪಿನಲ್ಲಿ ಒಂದು ಸುತ್ತಿನ ಕಾಂತತ್ವ ಪಕ್ಕದ ಸುತ್ತಿಗೆ ಅಚ್ಚಾಗುತ್ತದೆ, ಅದಕ್ಕೆ ಹಾಗೆ. ಕೃಷ್ಣ ಬಾಯಿ ತೆರೆಯುವ ಮೊದಲೇ ಕೃಷ್ಣನ ಮಾತು! ಕಾಲದ ಬಗ್ಗೆ ಸಿದ್ಧಾಂತ ಕಟ್ಟುವವರಿಗೆ ಇದನ್ನು ಧಾರಾಳವಾಗಿ ಬಿಟ್ಟುಕೊಡುತ್ತೇನೆ.

ಇಲ್ಲಿಯವರೆಗೆ ಹನ್ನೊಂದು ಕ್ಯಾಸೆಟ್ಟು ಆಗಿದೆ. ಒಂದರ ಮೇಲೆ "ಸಂಧಾನ - 2" ಅಂತ ಮಾತ್ರ ಬರೆದಿದೆ, ಇಸವಿ ಇಲ್ಲ, ಊರಿಲ್ಲ. ಅದರಲ್ಲಿ ಕೃಷ್ಣ ವಿದುರನ ಮನೆಯ ಹಾಲಿನ ಬಗ್ಗೆ ಕೌರವನಿಗೆ ಕೊಡುವ ಉತ್ತರ ಉಂಟು. ಮಾವನಿಗೆ ಕೇಳಿಸಿದೆ. ಕಣ್ಣು ಮುಚ್ಚಿ ಕೇಳಿದರು, ಸೈಡು ಮುಗಿಯುವವರೆಗೆ ಒಂದು ಮಾತಾಡಲಿಲ್ಲ. ಕೌರವನ ಅರ್ಥ ಯಾರದ್ದು ಅಂತ ದನಿ ಕೇಳಿದ ಕೂಡಲೇ ಹೇಳಿದರು. ಕೃಷ್ಣ ಯಾರು ಅಂತ ಗೊತ್ತಾಗಲಿಲ್ಲ. "ನಾನೇ ರೆಕಾರ್ಡ್ ಮಾಡಿದ್ದು, ಎದುರೇ ಕೂತಿದ್ದೆ" ಅಂತ ಎರಡೆರಡು ಸಲ ಹೇಳಿದರು. ಆ ದಿನ ಜೊತೆಗೆ ಹೋಗಿದ್ದ ಮೂವರಲ್ಲಿ ಇಬ್ಬರು ಈಗಿಲ್ಲ. ಮೂರನೆಯವರು ಬಜ್ಪೆ ಹತ್ತಿರ ಮಗನ ಮನೆಯಲ್ಲಿದ್ದಾರೆ, ಎಂಬತ್ತು ದಾಟಿದೆ, ಕಿವಿ ಸ್ವಲ್ಪ ಮಂದವಂತೆ. ಬರುವ ಭಾನುವಾರ ಫೈಲನ್ನು ಮೊಬೈಲಿಗೆ ಹಾಕಿಕೊಂಡು, ದೊಡ್ಡ ಹೆಡ್‌ಫೋನು ಹಿಡಿದುಕೊಂಡು, ಮಾವನನ್ನೂ ಕರೆದುಕೊಂಡು ಅವರಲ್ಲಿಗೆ ಹೋಗುವುದುಂಟು.